ಬಡವರ ಮುಖಕ್ಕೆ ಕ್ಯಾಮೆರಾ ಹಿಡಿದ ಸತ್ಯನ್: ಖೂಬಾ ಪ್ಲಾಟ್‌ನಿಂದ ಒಂದು ನೆನಪು

ಕಲಬುರಗಿ: ಖೂಬಾ ಪ್ಲಾಟ್‌ಗೆ ಬೆಳಿಗ್ಗೆ ಆರಕ್ಕೆ ಬಂದು ನಿಂತು ನೋಡ್ರಿ. ಅಂಗಡಿ ಶಟರ್ ಒಂದೂ ಎದ್ದಿರೋದಿಲ್ಲ, ಚಾದ ಅಂಗಡಿಯ ಸ್ಟೋವ್ ಮಾತ್ರ ಹೊತ್ತಿರ್ತದ. ಅಷ್ಟೊತ್ತಿಗೆ ಕಸಬರಿಗೆ ಹಿಡಿದ ಹೆಣ್ಮಕ್ಕಳು ಅರ್ಧ ರಸ್ತೆ ಗುಡಿಸಿ ಮುಗಿಸಿರ್ತಾರ. ನಾವು ಎದ್ದು, ಮಾರಿ ತೊಳಕೊಂಡು, ಅಂಗಡಿ ತೆಗೆಯುವ ಹೊತ್ತಿಗೆ ಅವರು ಬ್ಯಾರೆ ಓಣಿಗೆ ಹೋಗಿರ್ತಾರ. ಹಿಂಗಾಗಿ ದಿನಾ ನಮ್ಮ ಬಾಗಿಲ ಮುಂದೆ ಕೆಲಸ ಮಾಡಿದರೂ ಎಷ್ಟೋ ಮಂದಿಗೆ ಅವರ ಮುಖದ ಗುರುತಿಲ್ಲ.

ಹೋದ ಮಳೆಗಾಲದಲ್ಲಿ ಗಟಾರ ತುಂಬಿ ನೀರು ಅಂಗಡಿ ಮೆಟ್ಟಿಲಿನ ತನಕ ಬಂದಿತ್ತು. ಒಬ್ಬ ಹೆಣ್ಮಗಳು ಬರಿಗೈಯಿಂದ ಗಟಾರದೊಳಗಿನ ಪ್ಲಾಸ್ಟಿಕ್ ಎಳೆಯುತ್ತಿದ್ದರು. ನಾನು ಮೊಬೈಲ್ ತೆಗೆದು ಫೋಟೋ ಹೊಡೆದೆ, ಸುದ್ದಿ ಬರೆದು ಹಾಕಿದೆ. ನಾನು ಅಲ್ಲಿತನಕ ಬರೆದ ಯಾವ ಸುದ್ದಿಯೂ ಅಷ್ಟು ಮಂದಿಗೆ ಮುಟ್ಟಿರಲಿಲ್ಲ. ಮರುದಿನ ಗಟಾರವೂ ಸ್ವಚ್ಛ ಆಯ್ತು. ಡಿಗ್ರಿ ಅರ್ಧಕ್ಕೆ ಬಿಟ್ಟು ಈ ಕೆಲಸಕ್ಕೆ ಬಂದವನು ನಾನು, ಮನೆಯಲ್ಲಿ ಮೊದಲ ಸಲ ತಲೆ ಎತ್ತಿ ಊಟ ಮಾಡಿದೆ ಅಂತ ಇಟ್ಕೊಳ್ರಿ.

ಒಂದು ವಾರ ಬಿಟ್ಟು ಅದೇ ಹೆಣ್ಮಗಳು ಚಾದ ಅಂಗಡಿ ಹತ್ತಿರ ನನ್ನ ಗುರುತು ಹಿಡಿದರು. ಬೈಲಿಲ್ಲ. ಶಾಲೆಯಲ್ಲಿ ಗೆಳತಿಯರು ಫೋನ್‌ನಲ್ಲಿ ಆ ಫೋಟೋ ತೋರಿಸಿದ್ದಕ್ಕೆ ಮಗಳು ಎರಡು ದಿನ ಶಾಲೆಗೆ ಹೋಗಲಿಲ್ಲ ಅಂತ ಹೇಳಿದರು. ತೆಗೆಯುವ ಮೊದಲು ಒಂದು ಮಾತು ಕೇಳಬೇಕಿತ್ತು ತಮ್ಮಾ ಅಂದರು, ಹೋದರು. ಫೋಟೋ ತೆಗೆದುಹಾಕಿದೆ ಖರೇ, ಆದರೆ ಅದು ಅಷ್ಟೊತ್ತಿಗೆ ಎಷ್ಟು ಫೋನ್ ದಾಟಿ ಹೋಗಿತ್ತೋ ಯಾರಿಗೆ ಗೊತ್ತು.

ಇದನ್ನು ನಮ್ಮ ಓಣಿಯ ಹಳೆ ಸ್ಟುಡಿಯೋ ಚಾಚಾ ಅವರ ಮುಂದೆ ಹೇಳಿಕೊಂಡೆ. ರೋಲ್ ಫಿಲ್ಮ್ ಕಾಲದಿಂದ ಫೋಟೋ ತೆಗೆದ ಕೈ ಅವರದು. ನನಗೆ ಬುದ್ಧಿ ಹೇಳಲಿಲ್ಲ, ಒಂದು ಹೆಸರು ಹೇಳಿದರು. ಟಿ.ಎಸ್. ಸತ್ಯನ್ ಅವರ ಫೋಟೋ ಹುಡುಕಿ ನೋಡು ಅಂದರು. ಹುಡುಕಿದೆ, ನೋಡಿದೆ. ಈ ಡಿಸೆಂಬರ್ ತಿಂಗಳಲ್ಲೇ ಅವರು ಹುಟ್ಟಿದ್ದು, ಈ ತಿಂಗಳಲ್ಲೇ ತೀರಿಕೊಂಡದ್ದು. ಅದಕ್ಕೇ ಈ ಬರಹ.

ಮೈಸೂರಿನ ಹುಡುಗ

ಸತ್ಯನ್ ಅವರ ಪೂರ್ತಿ ಹೆಸರು ತಂಬ್ರಹಳ್ಳಿ ಸುಬ್ರಮಣ್ಯ ಸತ್ಯನಾರಾಯಣ ಅಯ್ಯರ್. ಹುಟ್ಟಿದ್ದು 1923ರ ಡಿಸೆಂಬರ್ 18ರಂದು, ಮೈಸೂರಿನಲ್ಲಿ. ಓದಿದ್ದು ಅಲ್ಲಿನ ಬನುಮಯ್ಯ ಶಾಲೆಯಲ್ಲಿ, ಆಮೇಲೆ ಮಹಾರಾಜ ಕಾಲೇಜಿನಲ್ಲಿ. 1944ರಲ್ಲಿ ಬಿ.ಎ. ಮುಗಿಸಿದರು. ಹೈಸ್ಕೂಲಿನಲ್ಲಿ ಇದ್ದಾಗಲೇ ಕ್ಯಾಮೆರಾದ ಹುಚ್ಚು ಹತ್ತಿತ್ತು.

ಆ ಕಾಲದಲ್ಲಿ ಬಿ.ಎ. ಅಂದ್ರ ಸಣ್ಣ ಮಾತಲ್ಲ. ಪದವಿ ಪಡೆದ ಹುಡುಗ ಸರ್ಕಾರಿ ಕಚೇರಿಯಲ್ಲಿ ಕುರ್ಚಿ ಹಿಡಿಯಬೇಕು, ಇಲ್ಲಾ ಮಾಸ್ತರ್ ಆಗಬೇಕು ಅನ್ನೋದು ಎಲ್ಲರ ಲೆಕ್ಕ. ಫೋಟೋ ತೆಗೆಯೋದು ಒಂದು ಹೊಟ್ಟೆಪಾಡು ಅಂತ ಯಾರೂ ಒಪ್ಪುತ್ತಿರಲಿಲ್ಲ. ಮದುವೆ ಮುಂಜಿಗೆ ಬರುವ ಸ್ಟುಡಿಯೋದವರು ಇದ್ದರು, ಅರಮನೆಯ ಫೋಟೋಗ್ರಾಫರ್ ಇದ್ದರು. ಊರೂರು ತಿರುಗಿ, ಸುದ್ದಿಗಾಗಿ ಚಿತ್ರ ತೆಗೆದು, ಅದರಿಂದಲೇ ಮನೆ ನಡೆಸುವವರು ಕನ್ನಡ ನಾಡಿನಲ್ಲಿ ಬೆರಳೆಣಿಕೆಗೂ ಇರಲಿಲ್ಲ ಅನ್ನಬಹುದು. ಸತ್ಯನ್ ಮೊದಲು ಬೇರೆ ನೌಕರಿಗಳನ್ನೂ ಮಾಡಿ ನೋಡಿದರು. ಮನಸ್ಸು ನಿಲ್ಲಲಿಲ್ಲ.

1948ರಲ್ಲಿ ಬೆಂಗಳೂರಿನಲ್ಲಿ ಡೆಕ್ಕನ್ ಹೆರಾಲ್ಡ್ ಪತ್ರಿಕೆ ಶುರು ಆಯ್ತು. ಸತ್ಯನ್ ಅಲ್ಲಿ ಫೋಟೋಗ್ರಾಫರ್ ಆಗಿ ಸೇರಿದರು. ಇಲ್ಲೊಂದು ಮಾತು. ಅದೇ ವರ್ಷ ಸೆಪ್ಟೆಂಬರ್ 17ರ ತನಕ ನಮ್ಮ ಕಲಬುರಗಿ ನಿಜಾಮರ ಕೈಯಲ್ಲಿತ್ತು. ಬೆಂಗಳೂರಿನ ಪತ್ರಿಕೆಯಲ್ಲಿ ಸತ್ಯನ್ ಮೊದಲ ಚಿತ್ರಗಳನ್ನು ಅಚ್ಚು ಹಾಕಿಸುವ ಹೊತ್ತಿಗೆ ನಮ್ಮ ಮುತ್ಯಾರು ರಜಾಕಾರರ ಹೆದರಿಕೆಗೆ ಊರು ಬಿಡುತ್ತಿದ್ದರು. ಆ ದಿನಗಳಲ್ಲಿ ನಮ್ಮ ಹಳ್ಳಿಗಳಲ್ಲಿ ಅನುಭವಿಸಿದ ಮಂದಿಯ ಫೋಟೋ ಎಷ್ಟು ಉಳಿದಾವ? ನಮ್ಮ ಮನೆಯಲ್ಲಂತೂ ಒಂದೂ ಇಲ್ಲ. ಕ್ಯಾಮೆರಾ ಇಲ್ಲದ ಕಡೆ ಏನು ಕಳೆದುಹೋಗ್ತದ ಅನ್ನೋದು ನಮ್ಮಷ್ಟು ಚಲೋ ಯಾರಿಗೂ ಗೊತ್ತಿರಲಿಕ್ಕಿಲ್ಲ.

ಈಗಿನ ಹುಡುಗರಿಗೆ ಆಗಿನ ಕೆಲಸ ಹೆಂಗಿತ್ತು ಅಂತ ತಿಳಿಯೋದು ಕಷ್ಟ. ಒಂದು ರೋಲ್ ಹಾಕಿದರೆ ಕ್ಯಾಮೆರಾ ನೋಡಿ ಹನ್ನೆರಡೋ ಮೂವತ್ತಾರೋ ಚಿತ್ರ, ಮುಗೀತು. ಫಿಲ್ಮಿಗೆ ರೊಕ್ಕ ಬೇಕು. ತೆಗೆದದ್ದು ಚಲೋ ಬಂತೋ ಇಲ್ಲೋ ಅಂತ ಆಗಿಂದಾಗ ನೋಡುವ ಹಂಗಿಲ್ಲ. ಊರಿಗೆ ಮರಳಿ, ಡಾರ್ಕ್ ರೂಮಿನ ಕೆಂಪು ದೀಪದಡಿ ಪೇಪರನ್ನು ಔಷಧದ ತಟ್ಟೆಯಲ್ಲಿ ಅದ್ದಿದಾಗಲೇ ಮುಖ ಮೂಡೋದು. ಆಮೇಲೆ ಪತ್ರಿಕೆಯವರು ಅದಕ್ಕೆ ಲೋಹದ ಬ್ಲಾಕ್ ಮಾಡಿಸಬೇಕು. ಅದೂ ಖರ್ಚಿನ ಕೆಲಸವೇ, ಅದಕ್ಕೇ ಪತ್ರಿಕೆಗಳು ಮಂತ್ರಿಗಳ ಫೋಟೋ, ಉದ್ಘಾಟನೆಯ ಫೋಟೋ ಬಿಟ್ಟು ಬೇರೆದಕ್ಕೆ ಜಾಗ ಕೊಡೋದು ಕಡಿಮೆ. ಒಬ್ಬ ಕೂಲಿಯವನ ಮುಖಕ್ಕೆ ಒಂದು ಫ್ರೇಮ್ ಖರ್ಚು ಮಾಡೋದು ಅಂದ್ರ, ಅದು ಬರೀ ಬೆರಳು ಒತ್ತುವ ಕೆಲಸ ಅಲ್ಲ, ಒಂದು ತೀರ್ಮಾನ.

ನೌಕರಿ ಬಿಟ್ಟು ತಮ್ಮ ದಾರಿ

ಸತ್ಯನ್ ಮುಂದೆ ಇಲ್ಲಸ್ಟ್ರೇಟೆಡ್ ವೀಕ್ಲಿಗೂ ಕೆಲಸ ಮಾಡಿದರು. ಆ ಕಾಲದಲ್ಲಿ ಚಿತ್ರಕ್ಕೆ ಮರ್ಯಾದೆ ಕೊಟ್ಟ ದೊಡ್ಡ ವಾರಪತ್ರಿಕೆ ಅದು. 1955ರಲ್ಲಿ ಗೋವಾ ವಿಮೋಚನೆಗೆ ಸತ್ಯಾಗ್ರಹಿಗಳು ಗಡಿ ದಾಟಿ ಒಳಗೆ ನುಗ್ಗಿದಾಗ ಪೋರ್ಚುಗೀಸರು ಗುಂಡು ಹಾರಿಸಿದರಲ್ಲ, ಆ ಸತ್ಯಾಗ್ರಹದ ಚಿತ್ರಗಳನ್ನೂ ಸತ್ಯನ್ ತೆಗೆದರು. ಲೈಫ್, ಟೈಮ್, ನ್ಯೂಸ್‌ವೀಕ್ ಅಂಥ ಅಮೆರಿಕದ ಪತ್ರಿಕೆಗಳಲ್ಲಿ ಅವರ ಚಿತ್ರಗಳು ಬಂದವು. ವಿಶ್ವೇಶ್ವರಯ್ಯ, ಸಿ.ವಿ. ರಾಮನ್, ಆರ್.ಕೆ. ನಾರಾಯಣ್ ಅವರೆಲ್ಲ ಸತ್ಯನ್ ಕ್ಯಾಮೆರಾದ ಮುಂದೆ ಕೂತವರೇ. ಇದೆಲ್ಲ ಹೇಳಿದರೆ ದೊಡ್ಡ ಪಟ್ಟಿಯಾಗ್ತದ. ಇದಕ್ಕಾಗಿ ನಾನು ಬರೀತಿಲ್ಲ.

ನನಗೆ ಮುಖ್ಯ ಅನಿಸಿದ್ದು, ಅವರು ತಿಂಗಳ ಪಗಾರ ಬಿಟ್ಟು ಸ್ವತಂತ್ರವಾಗಿ ದುಡಿಯುವ ದಾರಿ ಹಿಡಿದದ್ದು. ಸ್ವತಂತ್ರ ಫೋಟೋಗ್ರಾಫರ್ ಅಂದ್ರ ಕೇಳಾಕ ಚಂದ. ರೊಕ್ಕ ಯಾವಾಗ ಬರ್ತದ ಅಂತ ಗೊತ್ತಿರೋದಿಲ್ಲ. ಚಿತ್ರ ಅಚ್ಚಾದ ಮೇಲೆ ದುಡ್ಡು, ಅಚ್ಚಾಗದಿದ್ದರೆ ಬಸ್ ಚಾರ್ಜೂ ಕೈಯಿಂದಲೇ. ಸುದ್ದಿಗಿಷ್ಟು ಅಂತ ಎಣಿಸಿ ತಗೊಳ್ಳುವ ನನ್ನಂಥವನಿಗೆ ಇದು ಬಿಡಿಸಿ ಹೇಳಬೇಕಾಗಿಲ್ಲ. ಗಂಜ್‌ನಲ್ಲಿ ಉದ್ರಿ ಕೊಟ್ಟು ವಸೂಲಿಗೆ ತಿರುಗುವ ಅಂಗಡಿಯವರಿಗೂ ತಿಳೀತದ.

ಸತ್ಯನ್ ಬಹಳ ವರ್ಷ ದೆಹಲಿಯಲ್ಲಿ ಇದ್ದು ಕೆಲಸ ಮಾಡಿದರು. ದೆಹಲಿ ಅಂದ ಮೇಲೆ ಪಾರ್ಲಿಮೆಂಟ್, ರಾಷ್ಟ್ರಪತಿ ಭವನ, ಬಂದುಹೋಗುವ ಪರದೇಶದ ದೊರೆಗಳು. ಅಂಥ ಚಿತ್ರಗಳಿಂದ ಬದುಕಿಕೊಳ್ಳಬಹುದಿತ್ತು, ತೆಗೆದರೂ ಕೂಡ. ಆದರೆ ಇವತ್ತು ಅವರ ಹೆಸರು ಹೇಳಿದರೆ ನೆನಪಾಗೋದು ಬೇರೆ ಮಂದಿ. ಹೊಲದಲ್ಲಿ ದುಡಿಯುವವರು, ಕೂಸು ಎತ್ತಿಕೊಂಡ ತಾಯಂದಿರು, ಹಳ್ಳಿಯ ಆರೋಗ್ಯ ಕೇಂದ್ರದ ಮುಂದೆ ಕೂತವರು, ಬರಿಗಾಲಲ್ಲಿ ಓಡುವ ಮಕ್ಕಳು. ಯುನಿಸೆಫ್ ಮತ್ತು ಡಬ್ಲ್ಯುಎಚ್‌ಒ ಸಂಸ್ಥೆಗಳಿಗೆ ಅವರು ವರ್ಷಾನುಗಟ್ಟಲೆ ಹಳ್ಳಿ ಹಳ್ಳಿ ತಿರುಗಿ ಚಿತ್ರ ತೆಗೆದುಕೊಟ್ಟರು. ಹೆಚ್ಚಿನವು ಕಪ್ಪು ಬಿಳುಪು, ಹೊರಗಿನ ಬೆಳಕಲ್ಲೇ ತೆಗೆದವು.

ಅವರ ತಮ್ಮ ಟಿ.ಎಸ್. ನಾಗರಾಜನ್ ಕೂಡ ದೊಡ್ಡ ಫೋಟೋಗ್ರಾಫರ್. ಆತ ಹಳೆ ಕಾಲದ ಮನೆಗಳ ಒಳಗಿನ ಬೆಳಕು ನೆರಳು ತೆಗೆಯುವುದರಲ್ಲಿ ಹೆಸರು ಮಾಡಿದರು. ಅಣ್ಣ ಮನೆಯ ಹೊರಗಿನ ಮಂದಿಯ ಹಿಂದೆ ಹೋದರೆ, ತಮ್ಮ ಮನೆಯೊಳಗೆ ಹೋದ.

ಸಿಡುಬಿನ ಊರುಗಳಲ್ಲಿ

ಐವತ್ತು ದಾಟಿದವರು ಒಮ್ಮೆ ತೋಳು ಮೇಲೆತ್ತಿ ನೋಡಿಕೊಳ್ರಿ. ಲಸಿಕೆ ಹಾಕಿದ ಗುಂಡನೆಯ ಕಲೆ ಇರ್ತದ. ನಮ್ಮ ಹಿರೇರು ಸಿಡುಬಿಗೆ ದೇವಿ ಅಂತಿದ್ರು. ದೇವಿ ಬಂದ ಮನೆಗೆ ಬೇವಿನ ಸೊಪ್ಪು ಕಟ್ಟಿ, ಒಗ್ಗರಣೆ ನಿಲ್ಲಿಸಿ, ದೂರದಿಂದ ಕೈಮುಗಿಯುತ್ತಿದ್ದರು. ನಮ್ಮ ಆಯಿಯ ಮುಖದ ಮೇಲೆ ಆ ಕುಳಿಗಳು ಇದ್ದವು. ಆಕೆ ಜೀವನದಲ್ಲಿ ಒಂದೇ ಫೋಟೋ ತೆಗೆಸಿಕೊಂಡಾಕಿ, ಅದೂ ಸೆರಗು ಎಳೆದುಕೊಂಡು ಅರ್ಧ ಮುಖ ಮುಚ್ಚಿ.

1974ರಲ್ಲಿ ಈ ಬ್ಯಾನಿ ಭಾರತದಲ್ಲಿ ಕೊನೆಯ ಸಲ ಜೋರಾಗಿ ಎದ್ದಿತು. ಆ ಒಂದೇ ವರ್ಷ ದೇಶದಲ್ಲಿ 1 ಲಕ್ಷ 88 ಸಾವಿರದಷ್ಟು ಮಂದಿಗೆ ಸಿಡುಬು ಬಂತು, ಬಿಹಾರದಲ್ಲಿ ಅತಿ ಹೆಚ್ಚು. ಆರೋಗ್ಯ ಕಾರ್ಯಕರ್ತರು ಸಿಡುಬು ಬಂದ ಕೂಸಿನ ಚಿತ್ರ ಇರುವ ಕಾರ್ಡ್ ಹಿಡಿದು ಮನೆ ಮನೆಗೆ ಹೋಗಿ, ಇಂಥ ಗುಳ್ಳೆ ಯಾರಿಗಾದರೂ ಬಂದದೇನು ಅಂತ ಕೇಳಿದರು. ಸುದ್ದಿ ಕೊಟ್ಟವರಿಗೆ ಬಹುಮಾನ ಇಟ್ಟಿದ್ದರು. ಒಂದು ಮನೆಯಲ್ಲಿ ಸಿಕ್ಕರೆ ಆ ಮನೆಗೆ ಕಾವಲು ಹಾಕಿ, ಸುತ್ತಲಿನ ಎಲ್ಲರಿಗೂ ಎರಡು ಕವಲಿನ ಸೂಜಿಯಿಂದ ಲಸಿಕೆ ಚುಚ್ಚುತ್ತಿದ್ದರು. 1975ರ ಮೇ ತಿಂಗಳಿಗೆ ಭಾರತದ ಕೊನೆಯ ಪ್ರಕರಣ ಮುಗೀತು. 1980ರಲ್ಲಿ ಇಡೀ ಜಗತ್ತೇ ಸಿಡುಬಿನಿಂದ ಮುಕ್ತ ಅಂತ ಡಬ್ಲ್ಯುಎಚ್‌ಒ ಸಾರಿತು.

ಈ ಕಾರ್ಯಾಚರಣೆಯ ಚಿತ್ರ ತೆಗೆಯಲು ಡಬ್ಲ್ಯುಎಚ್‌ಒ ಪರವಾಗಿ ಹೋದವರಲ್ಲಿ ಸತ್ಯನ್ ಒಬ್ಬರು. ಆ ಚಿತ್ರಗಳು ಅವರ ಹೆಸರಿನೊಂದಿಗೆ ಇವತ್ತಿಗೂ ಆ ಸಂಸ್ಥೆಯ ಸಂಗ್ರಹದಲ್ಲಿ ಅದಾವ.

ಇದು ಎಂಥ ಕಠಿಣ ಕೆಲಸ ಅಂತ ವಿಚಾರ ಮಾಡ್ರಿ. ಮೈ ತುಂಬಾ ಗುಳ್ಳೆ ಎದ್ದ ಕೂಸು. ಹತ್ತಿರ ಹೋಗಬೇಕು, ಬೆಳಕು ನೋಡಬೇಕು, ತಾಯಿ ಅಳುವಾಗ ಫೋಕಸ್ ಸರಿ ಮಾಡಬೇಕು. ಆ ಚಿತ್ರ ತೆಗೆಯದಿದ್ದರೆ ಡಾಕ್ಟರ್‌ಗಳಿಗೆ, ಸರ್ಕಾರಕ್ಕೆ, ರೊಕ್ಕ ಕೊಡುವ ದೇಶಗಳಿಗೆ ನಂಬಿಸೋದು ಹೆಂಗ? ತೆಗೆದರೆ ಆ ಕೂಸಿನ ಮಾನ? ನನ್ನ ಗಟಾರದ ಫೋಟೋ ಎದ್ದ ಪ್ರಶ್ನೆಯೇ ಇದು, ಅವರದು ಸಾವಿರ ಪಟ್ಟು ದೊಡ್ಡದು, ಅಷ್ಟೇ.

ಸತ್ಯನ್ ಇದಕ್ಕೆ ಯಾವ ಸೂತ್ರ ಇಟ್ಟುಕೊಂಡಿದ್ದರೋ ಅದು ಅವರ ಚಿತ್ರಗಳನ್ನು ನೋಡಿಯೇ ತಿಳಿದುಕೊಳ್ಳಬೇಕು. ನಾನು ಸಿಕ್ಕಷ್ಟು ನೋಡಿದೆ, ಫೋನಿನಲ್ಲಿ ದೊಡ್ಡದು ಮಾಡಿ ಮಾಡಿ ನೋಡಿದೆ. ನನಗೆ ಕಂಡದ್ದು ಎರಡು ಸಂಗತಿ. ಅವರ ಕ್ಯಾಮೆರಾ ಮಂದಿಯನ್ನು ಮೇಲಿನಿಂದ ಕೆಳಗೆ ನೋಡೋದು ಬಹಳ ಕಡಿಮೆ. ಮಕ್ಕಳನ್ನು ತೆಗೆಯುವಾಗ ಮಕ್ಕಳ ಎತ್ತರಕ್ಕೇ ಇಳಿದಂಗ ಕಾಣ್ತದ. ಇನ್ನೊಂದು, ಬಡವರನ್ನು ಬರೀ ಬಡತನದೊಳಗೆ ಕೂಡಿಸಿ ಬಿಡೋದಿಲ್ಲ. ಅವರ ಚಿತ್ರದ ಮಂದಿ ಏನೋ ಒಂದು ಮಾಡ್ತಿರ್ತಾರ. ದುಡೀತಾರ, ಆಡ್ತಾರ, ಕೂಸಿಗೆ ಉಣಿಸ್ತಾರ, ಕಿಲಕಿಲ ನಗ್ತಾರ. ನನ್ನ ಫೋಟೋದಲ್ಲಿ ಆ ಹೆಣ್ಮಗಳ ಕೈ ಮತ್ತು ಗಟಾರ ಬಿಟ್ಟರೆ ಬೇರೆ ಏನೂ ಇರಲಿಲ್ಲ. ಆಕೆ ಆಮೇಲೆ ಎದ್ದು ನಿಂತು, ಸಂಗಾತಿಯ ಜೊತೆ ಏನೋ ಮಾತಾಡಿ ಜೋರಾಗಿ ನಕ್ಕಿದ್ದರು. ಅದು ನನಗೆ ನೆನಪಿದೆ. ಆಗ ನಾನು ಮೊಬೈಲ್ ಕಿಸೆಯಲ್ಲಿ ಇಟ್ಟುಬಿಟ್ಟಿದ್ದೆ. ಸುದ್ದಿಗೆ ನಗು ಬೇಕಾಗಿರಲಿಲ್ಲ ನೋಡ್ರಿ.

1977ರಲ್ಲಿ ಸತ್ಯನ್ ಅವರಿಗೆ ಪದ್ಮಶ್ರೀ ಬಂತು. 1979 ಅಂತರರಾಷ್ಟ್ರೀಯ ಮಕ್ಕಳ ವರ್ಷ. ಅದರ ಅಂಗವಾಗಿ ಯುನಿಸೆಫ್ ನ್ಯೂಯಾರ್ಕ್‌ನ ವಿಶ್ವಸಂಸ್ಥೆಯಲ್ಲಿ ಸತ್ಯನ್ ತೆಗೆದ ಮಕ್ಕಳ ಚಿತ್ರಗಳ ಪ್ರದರ್ಶನ ಇಟ್ಟಿತು. ಹಳ್ಳಿಯ ಆ ಮಕ್ಕಳಲ್ಲಿ ಯಾರಿಗಾದರೂ ತಮ್ಮ ಮುಖ ಅಷ್ಟು ದೂರ ಹೋಗಿ ಗೋಡೆಗೆ ನಿಂತದ್ದು ಗೊತ್ತಾಗಿತ್ತಾ ಅಂತ ನಾನು ವಿಚಾರ ಮಾಡ್ತೀನಿ.

ನಮ್ಮ ಪಂಡಿತರು, ಮೈಸೂರಿನ ಸತ್ಯನ್

ಚಿತ್ರ ಅಂದ ಕೂಡಲೇ ಕಲಬುರಗಿ ಮಂದಿಗೆ ನೆನಪಾಗೋದು ಎಸ್.ಎಂ. ಪಂಡಿತರು, ಅದು ಸಹಜ. ನಮ್ಮ ಊರಿನಲ್ಲಿ 1916ರಲ್ಲಿ ಹುಟ್ಟಿ, ಮುಂಬೈಗೆ ಹೋಗಿ, ಸಿನಿಮಾ ಪೋಸ್ಟರ್ ಮತ್ತು ಕ್ಯಾಲೆಂಡರ್‌ಗಳಿಂದ ಇಡೀ ದೇಶದ ಮನೆ ಗೋಡೆಗೆ ಏರಿದವರು. 1993ರಲ್ಲಿ ತೀರಿಕೊಂಡರು. ಅವರ ಹೆಸರಿನ ರಂಗಮಂದಿರದಲ್ಲಿ ನಾವೆಲ್ಲ ಕಾರ್ಯಕ್ರಮ ನೋಡೀವಿ. ಸತ್ಯನ್ ಅವರಿಗಿಂತ ಪಂಡಿತರು ಏಳು ವರ್ಷ ದೊಡ್ಡವರು.

ಪಂಡಿತರು ಶಿವ ಪಾರ್ವತಿಯರನ್ನು, ಕೃಷ್ಣನನ್ನು, ಸಿನಿಮಾ ತಾರೆಯರನ್ನು ಬರೆದರು. ಆ ಮೈಬಣ್ಣ, ಆ ಕಣ್ಣು, ನಮ್ಮ ಕಿರಾಣಿ ಅಂಗಡಿಯ ಗಲ್ಲಾದ ಮೇಲೆ ವರ್ಷಾನುಗಟ್ಟಲೆ ನೇತಾಡ್ಯಾವ. ಅದು ದೊಡ್ಡ ಕಲೆಯೇ, ಅದರ ಬಗ್ಗೆ ಎರಡು ಮಾತಿಲ್ಲ. ಆದರೆ ಆ ಗಲ್ಲಾದ ಮುಂದೆ ಚೀಲ ಹೊತ್ತು ನಿಂತ ಹಮಾಲನ ಚಿತ್ರ ಗೋಡೆಗೆ ಬರಲಿಲ್ಲ. ಶಹಾಬಾದ್ ಕಲ್ಲು ಗಣಿಯಲ್ಲಿ ಪರಸಿ ಒಡೆಯುವವನ ಮುಖ, ಕಮಲಾಪುರದಿಂದ ಬುಟ್ಟಿಯಲ್ಲಿ ಕೆಂಪು ಬಾಳೆ ತಂದು ಮಾರುವ ಅಮ್ಮನ ಮುಖ, ತೊಗರಿ ಕೊಯ್ಯುವ ಕೂಲಿ ಹೆಣ್ಮಕ್ಕಳ ಮುಖ ಯಾವ ಕ್ಯಾಲೆಂಡರ್‌ಗೂ ಬೇಕಾಗಿರಲಿಲ್ಲ. ಸತ್ಯನ್ ಅಂಥ ಮುಖಗಳಿಗೇ ಫಿಲ್ಮ್ ಖರ್ಚು ಮಾಡಿದರು.

ಹಂಗಂತ ಸತ್ಯನ್ ಅವರ ಬಗ್ಗೆ ನನಗೆ ಅನುಮಾನವೇ ಇಲ್ಲ ಅಂತಲ್ಲ. ಅವರ ಚಿತ್ರಗಳಲ್ಲಿ ಸಿಟ್ಟು ಕಡಿಮೆ. 1943ರ ಬಂಗಾಳದ ಬರಗಾಲದಲ್ಲಿ ಚಿತ್ತಪ್ರಸಾದ್ ಅನ್ನುವ ಕಲಾವಿದ ಹಸಿದು ಸಾಯುವವರನ್ನು ಹಳ್ಳಿ ಹಳ್ಳಿಗೆ ನಡೆದು ಹೋಗಿ ಕಪ್ಪು ಶಾಯಿಯಲ್ಲಿ ಬರೆದ. ಆತನ ಪುಸ್ತಕವನ್ನು ಬ್ರಿಟಿಷರು ಹಿಡಿದು ಸುಟ್ಟುಹಾಕಿದರು. ಅದೇ ಬರಗಾಲವನ್ನು ಸುನಿಲ್ ಜಾನಾ ಕ್ಯಾಮೆರಾದಲ್ಲಿ ಹಿಡಿದ. ಆ ಚಿತ್ರಗಳನ್ನು ನೋಡಿದರೆ ಹೊಟ್ಟೆಯಲ್ಲಿ ಸಂಕಟ ಆಗ್ತದ, ಯಾರು ಇದಕ್ಕೆ ಕಾರಣ ಅಂತ ಕೇಳುವಂಗ ಆಗ್ತದ. ಸತ್ಯನ್ ಅವರ ಚಿತ್ರ ನೋಡಿದರೆ ಹಂಗ ಆಗೋದಿಲ್ಲ. ಆ ಮಂದಿಯ ಮೇಲೆ ಪ್ರೀತಿ ಬರ್ತದ. ಬರಿಗೈಯಿಂದ ಗಟಾರ ಬಳಿಸುವವರು ಯಾರು ಅಂತ ಕೇಳಲು ಪ್ರೀತಿ ಒಂದೇ ಸಾಕಾ? ಚಾಚಾ ಜೊತೆ ಇದರ ಮೇಲೆ ನನಗೆ ಜಗಳವೇ ಆಯ್ತು. ಸಿಟ್ಟಿನ ಚಿತ್ರ ನೋಡಿದ ಮಂದಿ ಎರಡು ದಿನಕ್ಕೆ ಮರೀತಾರ, ಮನುಷ್ಯನ ಮುಖ ಮರೆಯೋದಿಲ್ಲ ಅನ್ನೋದು ಅವರ ವಾದ. ನನಗೆ ಪೂರ್ತಿ ಒಪ್ಪಿಗೆ ಆಗಿಲ್ಲ. ಎರಡೂ ಬೇಕು ಅನ್ನೋದು ನನ್ನ ಲೆಕ್ಕ, ಆದರೆ ಎರಡಕ್ಕೂ ಮೊದಲು ಕೇಳಿ ತೆಗೆಯಬೇಕು.

ಸತ್ಯನ್ ಕೊನೆಗೆ ಮೈಸೂರಿಗೇ ಮರಳಿದರು. ವಯಸ್ಸಾದ ಮೇಲೂ ಬರೆದರು, ಫೋಟೋ ತೆಗೆದರು, ಹೊಸ ಹುಡುಗರ ಜೊತೆ ಮಾತಾಡಿದರು. ಕನ್ನಡದಲ್ಲಿ ಕಾಲಕ್ಕೆ ಕನ್ನಡಿ ಅನ್ನುವ ಅವರ ಪುಸ್ತಕ ಅದ. ಇಂಗ್ಲಿಷಿನಲ್ಲಿ ಅಲೈವ್ ಆಂಡ್ ಕ್ಲಿಕಿಂಗ್ ಅಂತ ಅವರ ನೆನಪುಗಳು 2005ರಲ್ಲಿ ಬಂದವು. 2009ರ ಡಿಸೆಂಬರ್ 13ರಂದು ಮೈಸೂರಿನಲ್ಲಿ ತೀರಿಕೊಂಡರು. ಇನ್ನು ಐದು ದಿನ ಇದ್ದಿದ್ದರೆ 86 ತುಂಬುತ್ತಿತ್ತು.

ಅವರ ಚಿತ್ರಗಳ ಹಕ್ಕು ನಮ್ಮ ಹತ್ತಿರ ಇಲ್ಲ, ಅದಕ್ಕೇ ಈ ಬರಹದ ಜೊತೆ ಒಂದೂ ಹಾಕಿಲ್ಲ. ಗ್ರಂಥಾಲಯದಲ್ಲಿ ಅವರ ಪುಸ್ತಕ ಸಿಕ್ಕರೆ ತೆಗೆದು ನೋಡ್ರಿ.

ಇನ್ನೊಂದು ಕೆಲಸ ಅದ, ಅದು ನಿಮ್ಮಿಂದಲೇ ಆಗಬೇಕು. ಸೂಪರ್ ಮಾರ್ಕೆಟ್, ಗಂಜ್, ಖೂಬಾ ಪ್ಲಾಟ್, ಕಮಲಾಪುರದ ಹಳೆ ಅಂಗಡಿಗಳಲ್ಲಿ ಅಂಗಡಿ ಪೂಜೆಯ ಫೋಟೋ, ಓಪನಿಂಗ್ ಫೋಟೋ ಗೋಡೆ ಮೇಲೆ ಇರ್ತಾವ. ನಡುವೆ ಹಾರ ಹಾಕಿಕೊಂಡ ಮಾಲಕರು, ಪಕ್ಕಕ್ಕೆ ಬೀಗರು, ಕಡೀ ತುದಿಗೆ ಅರ್ಧ ಕಾಣುವ ಹಮಾಲ, ಗುಮಾಸ್ತ, ಚಾ ತರುವ ಹುಡುಗ. ಆ ತುದಿಯಲ್ಲಿ ನಿಂತವರ ಹೆಸರು ಗೊತ್ತಿದ್ದ ಹಿರಿಯರು ಇನ್ನೂ ಇದ್ದಾರ. ಅಂಥ ಫೋಟೋ ಇದ್ದರೆ ನನಗೆ ತಿಳಿಸ್ರಿ, ಅಂಗಡಿಗೇ ಬರ್ತೀನಿ. ಅವರ ಮನೆಯವರನ್ನು ಹುಡುಕಿ, ಕೇಳಿ, ಒಪ್ಪಿದರೆ ಹೆಸರಿನ ಸಮೇತ ಹಾಕೋಣ. ಚಾಚಾ ಹಳೆ ಪ್ರಿಂಟ್‌ಗಳನ್ನು ಸಾಫ್ ಮಾಡಿ ಕೊಡ್ತೀನಿ ಅಂದಾರ, ರೊಕ್ಕ ತಗೊಳ್ಳೋದಿಲ್ಲವಂತ.